ವಾರವಿಲ್ಲದ ಒಂದು ದಿನ

ವರ್ಷಾರಂಭದಲ್ಲಿ ಹೊಸ ಕ್ಯಾಲೆಂಡರು ಮನೆಗೆ ಬಂದೊಡನೆ ಮನೆಮಂದಿಯೆಲ್ಲ ಅದರ ಸುತ್ತ ನೆರೆಯುವುದು ನಮ್ಮಲ್ಲಿ ಸಾಮಾನ್ಯವಾದ ದೃಶ್ಯ. ಮಕ್ಕಳು ತಾವು ಹುಟ್ಟಿದ ದಿನ ಯಾವ ವಾರ ಬಿದ್ದಿದೆಯೆಂದು ಹುಡುಕುವರು. ಉದ್ಯೋಗಸ್ಥರು ಎಷ್ಟು ಹಬ್ಬಗಳು ಭಾನುವಾರದ ಪಾಲಾಗಿ ರಜ ನಷ್ಟವಾಯಿತೆಂದು ಎಣಿಸಿ ಮರುಗುವರು. ಹೋದ ವರ್ಷ ಸೋಮವಾರ ಬಂದಿದ್ದ ತಾರೀಖು ಈ ವರ್ಷ ಮಂಗಳವಾರ ಬರುವುದು. ನಡುವೆ ಫೆಬ್ರವರಿ ೨೯ ಬಂದಿದ್ದರೆ ಮಂಗಳವಾರವನ್ನೂ ದಾಟಿ ಬುಧವಾರಕ್ಕೆ ಹೋಗುವುದು. ಕಾರಣ ಸುಲಭವಾದುದು. ೩೬೫ ದಿನಗಳನ್ನು ಏಳರಿಂದ ಭಾಗಿಸಿದರೆ ೫೨ ಸಪ್ತಾಹಗಳು ತುಂಬಿ ಒಂದು ದಿನ ಉಳಿಯುತ್ತದೆ. ಆ ಉಳಿದ ಒಂದು ದಿನವೇ ವರ್ಷವರ್ಷವೂ ತಾರೀಖುಗಳ ವಾರವನ್ನು ಮುಂದಕ್ಕೆ ತಳ್ಳುವ ಕಿಡಿಗೇಡಿ.

ಈ ಕಿಡಿಗೇಡಿಯನ್ನು ಹದ್ದಿನಲ್ಲಿಡುವುದು ಹೇಗೆ? ಗಣಿತಜ್ಞರೂ ರಾಜಕಾರಣಿಗಳೂ ಈ ಪ್ರಶ್ನೆಗೆ ತಲೆಕೊಟ್ಟದ್ದುಂಟು. ಆದರೆ ಯಾವ ಗದ್ದಲವೂ ಇಲ್ಲದೆ ಇದನ್ನು ಬಗೆಹರಿಸಿಕೊಂಡ ಒಂದು ಜನಾಂಗವಿದೆ. ಅವರು ಆ ದಿನವನ್ನು ಹಬ್ಬವಾಗಿ ಆಚರಿಸಿ, ಅದಕ್ಕೆ ವಾರದ ಹೆಸರನ್ನು ಮಾತ್ರ ಕೊಡದೆ ಬಿಟ್ಟರು. ಅಂದಿನಿಂದ ಅವರ ನಾಡಿನಲ್ಲಿ, ಹುಟ್ಟಿದ ದಿನ ಈ ಸಲ ಯಾವ ವಾರ ಬಂತೆಂದು ಯಾರೂ ಕೇಳಬೇಕಾಗಲಿಲ್ಲ. ಆ ಜನರನ್ನು ಕಾಣಲು ಭೂಪಟವನ್ನು ತೆರೆಯುವ ವಾಚಕರಿಗೆ ನಿರಾಶೆಯಾದೀತು. ಅವರಿರುವುದು ಒಂದು ಕಥೆಯ ಪುಸ್ತಕದಲ್ಲಿ. ಆದರೂ ಅವರ ಕಾಲಗಣನೆ ಹುಡುಗಾಟಿಕೆಯದಲ್ಲ. ಅದನ್ನು ಈ ತಿಂಗಳು ನಮ್ಮ ವಾಚಕರಿಗೆ ಪರಿಚಯ ಮಾಡಿಕೊಡಬೇಕೆಂದು ಎಣಿಸಿದ್ದೇವೆ. ಕಥೆಯಲ್ಲಿ ಸುಲಭವಾಗಿ ನಡೆದ ಈ ಸುಧಾರಣೆ ನಿಜವಾದ ಲೋಕದಲ್ಲಿ ಏಕೆ ನಡೆಯಲಿಲ್ಲವೆಂಬುದನ್ನೂ ಕೊನೆಯಲ್ಲಿ ಹೇಳುವೆವು.

ಗ್ರಂಥ ಮತ್ತು ಗ್ರಂಥಕರ್ತ

ಜೆ. ಆರ್. ಆರ್. ಟೋಲ್ಕೀನ್ ಎಂಬ ಆಂಗ್ಲ ಪಂಡಿತರು ೧೮೯೨ರಲ್ಲಿ ದಕ್ಷಿಣ ಆಫ್ರಿಕದ ಬ್ಲೂಮ್‌ಫಾಂಟೀನ್ ಎಂಬಲ್ಲಿ ಹುಟ್ಟಿದವರು. ೧೯೨೫ರಿಂದ ಆಕ್ಸ್‌ಫರ್ಡ್ ವಿಶ್ವವಿದ್ಯಾನಿಲಯದಲ್ಲಿ ಅಧ್ಯಾಪಕರಾಗಿ, ಹಳೆಯ ಇಂಗ್ಲಿಷ್ ಭಾಷೆಯನ್ನೂ ಸಾಹಿತ್ಯವನ್ನೂ ಬೋಧಿಸುತ್ತಿದ್ದರು. ೧೯೩೭ರಲ್ಲಿ ಮಕ್ಕಳಿಗಾಗಿ 'ದಿ ಹಾಬಿಟ್' ಎಂಬ ಕಥೆಯನ್ನು ಪ್ರಕಟಿಸಿದರು. ಅದರ ಮುಂದಿನ ಮಹಾಕಥನವಾದ 'ದಿ ಲಾರ್ಡ್ ಆಫ್ ದಿ ರಿಂಗ್ಸ್' ಮೂರು ಸಂಪುಟಗಳಲ್ಲಿ ೧೯೫೪ ಮತ್ತು ೧೯೫೫ರಲ್ಲಿ ಹೊರಬಂದಿತು. ಅವರು ೧೯೭೩ರಲ್ಲಿ ತೀರಿಕೊಂಡರು.

ಹಾಬಿಟ್ಟರೆಂದರೆ ನಮ್ಮ ಅರ್ಧದಷ್ಟು ಎತ್ತರದ ಒಕ್ಕಲುಮಕ್ಕಳು. ಉಣ್ಣುವುದು, ತೋಟ ಮಾಡುವುದು, ನಂಟರಿಷ್ಟರ ಹುಟ್ಟುಹಬ್ಬಗಳಲ್ಲಿ ನೆರೆಯುವುದು, ಇವೇ ಅವರಿಗೆ ಪ್ರಿಯವಾದ ಕೆಲಸಗಳು. ಅವರ ನಾಡಿಗೆ ಶೈರ್ ಎಂದು ಹೆಸರು. ಅವರಲ್ಲೊಬ್ಬನಾದ ಫ್ರೋಡೋ ತನ್ನ ಆಳೂ ಗೆಳೆಯನೂ ಆದ ಸ್ಯಾಮನೊಡನೆ, ದುಷ್ಟನಾದ ಸೌರಾನನ ಶಕ್ತಿಯೆಲ್ಲ ಅಡಗಿದ್ದ ಒಂದು ಉಂಗುರವನ್ನು ಶತ್ರುವಿನ ನಾಡಿನ ಬೆಂಕಿಬೆಟ್ಟದಲ್ಲಿ ಹಾಕಿ ನಾಶಮಾಡಲು ಹೊರಡುವುದೇ ಕಥೆಯ ಸಾರ. ಆ ಕಥೆ ಮುಗಿದ ಮೇಲೆ ಗ್ರಂಥದ ಕೊನೆಗೆ ಸೇರಿಸಿರುವ ಅನುಬಂಧಗಳಲ್ಲಿ ಒಂದು ಸಂಪೂರ್ಣವಾಗಿ ಪಂಚಾಂಗಕ್ಕೇ ಮೀಸಲಾಗಿದೆ. ಕಥೆಯನ್ನು ಓದಿ ಮುಗಿಸಿದ ಅನೇಕರು ಆ ಪುಟಗಳನ್ನು ಮಗುಚಿ ಪುಸ್ತಕವನ್ನು ಕೆಳಗಿಡುವರು. ನಾವು ಅಲ್ಲಿಯೇ ಕುಳಿತು ಕಾಗದ ಲೇಖನಿಗಳನ್ನು ತೆಗೆದುಕೊಂಡು ಲೆಕ್ಕ ಹಾಕಿ ನೋಡಿದೆವು. ಶ್ರಮ ವ್ಯರ್ಥವಾಗಲಿಲ್ಲ.

ಶೈರ್ ನಾಡಿನ ಪಂಚಾಂಗ

ಹಾಬಿಟ್ಟರ ವರ್ಷದಲ್ಲಿ ಹನ್ನೆರಡು ತಿಂಗಳು. ಪ್ರತಿಯೊಂದು ತಿಂಗಳಿಗೂ ಸರಿಯಾಗಿ ೩೦ ದಿನ. ಆದುದರಿಂದ ಯಾವ ತಿಂಗಳಿಗೆ ಎಷ್ಟು ದಿನವೆಂದು ಬೆರಳಿನ ಗೆಣ್ಣುಗಳನ್ನು ಎಣಿಸುವ ಕಷ್ಟ ಅವರ ಮಕ್ಕಳಿಗಿಲ್ಲ. ಹೀಗೆ ೩೬೦ ದಿನಗಳಾದುವು. ಉಳಿದ ಐದು ದಿನಗಳು ಯಾವ ತಿಂಗಳಿಗೂ ಸೇರವು. ಅವುಗಳಲ್ಲಿ ಎರಡು ಯೂಲ್ ಎಂಬ ಚಳಿಗಾಲದ ಹಬ್ಬದವು. ಒಂದು ವರ್ಷದ ಕೊನೆಯ ದಿನ, ಇನ್ನೊಂದು ಹೊಸ ವರ್ಷದ ಮೊದಲನೆಯ ದಿನ. ಮಿಕ್ಕ ಮೂರು ದಿನಗಳು ವರ್ಷದ ನಟ್ಟನಡುವೆ, ಆರನೆಯ ಮತ್ತು ಏಳನೆಯ ತಿಂಗಳುಗಳ ಸಂಧಿಯಲ್ಲಿ ಬರುವ ಲೈದ್ ಎಂಬ ಬೇಸಗೆಯ ಹಬ್ಬದವು: ಒಂದನೆಯ ಲೈದ್, ನಡುವರ್ಷದ ದಿನ, ಎರಡನೆಯ ಲೈದ್. ನಾಲ್ಕು ವರ್ಷಗಳಿಗೊಮ್ಮೆ ನಡುವರ್ಷದ ದಿನದ ಮಗ್ಗುಲಿಗೆ ಓವರ್‌ಲೈದ್ ಎಂಬ ಅಧಿಕದಿನವೊಂದು ಬರುವುದು. ಶತಮಾನದ ಕೊನೆಯ ವರ್ಷದಲ್ಲಿ ಮಾತ್ರ ಅದಕ್ಕೆ ಲೋಪ. ಈ ಲೆಕ್ಕದಿಂದ ಅವರ ವರ್ಷದ ಸರಾಸರಿ ಪ್ರಮಾಣ ೩೬೫.೨೪ ದಿನ. ಸೂರ್ಯನ ನಿಜವಾದ ವರ್ಷ ಸುಮಾರು ೩೬೫.೨೪೨೨ ದಿನ. ಒಂದು ದಿನದ ತಪ್ಪು ಬೀಳಬೇಕಾದರೆ ನಾಲ್ಕುನೂರೈವತ್ತು ವರ್ಷಗಳೇ ಆಗಬೇಕು. ತೋಟಗಾರರಿಗೆ ಇಷ್ಟು ಸಾಕು.

ಇದನ್ನೆಲ್ಲ ಟೋಲ್ಕೀನರು ಶೂನ್ಯದಿಂದ ಸೃಷ್ಟಿಸಲಿಲ್ಲ. ಕ್ರಿ. ಶ. ೭೨೫ರಲ್ಲಿ ಇಂಗ್ಲೆಂಡಿನ ಬೀಡ್ ಎಂಬ ಸಂನ್ಯಾಸಿಯು ಲ್ಯಾಟಿನ್ ಭಾಷೆಯಲ್ಲಿ ಕಾಲಗಣನೆಯನ್ನು ಕುರಿತು ಒಂದು ಗ್ರಂಥವನ್ನು ಬರೆದನು. ತನ್ನ ಪೂರ್ವಿಕರು ಕ್ರೈಸ್ತರಾಗುವುದಕ್ಕೆ ಮುಂಚೆ ತಿಂಗಳುಗಳನ್ನು ಯಾವ ಹೆಸರಿನಿಂದ ಕರೆಯುತ್ತಿದ್ದರೆಂಬುದನ್ನು ಆತ ಅದರ ಒಂದು ಅಧ್ಯಾಯದಲ್ಲಿ ಬರೆದಿಟ್ಟಿದ್ದಾನೆ. ಹಸುಗಳು ದಿನಕ್ಕೆ ಮೂರು ಸಲ ಹಾಲು ಕೊಡುವಷ್ಟು ಹುಲ್ಲು ಬೆಳೆಯುವ ಮೇ ತಿಂಗಳಿಗೆ 'ಮೂರು ಕರೆವಿನ ತಿಂಗಳು' ಎಂದು ಹೆಸರು. ಆಗಸ್ಟ್ 'ಕಳೆಯ ತಿಂಗಳು'. ನವೆಂಬರು ದನಗಳನ್ನು ದೇವತೆಗಳಿಗೆ ಬಲಿಕೊಡುತ್ತಿದ್ದ ತಿಂಗಳು. ಜೂನ್ ಜುಲೈಗಳೆರಡಕ್ಕೂ ಲಿದ ಎಂಬ ಒಂದೇ ಹೆಸರು. ಚಾಂದ್ರಮಾಸಗಳನ್ನು ಸೂರ್ಯನ ವರ್ಷಕ್ಕೆ ಹೊಂದಿಸಲು ಅಧಿಕಮಾಸವನ್ನು ಸೇರಿಸಬೇಕಾದಾಗ ಅದನ್ನೂ ಬೇಸಗೆಯಲ್ಲಿಯೇ ಸೇರಿಸಿ, ಆ ವರ್ಷವನ್ನು ಮೂರು ಲಿದಗಳ ವರ್ಷವೆಂದು ಕರೆಯುತ್ತಿದ್ದರಂತೆ. ಅಧಿಕಮಾಸದ ಮರ್ಮವನ್ನು ಮನೆಯಲ್ಲಿಯೇ ಕಲಿತ ನಮ್ಮ ವಾಚಕಿಯರಿಗೆ ಇದು ಅಪರಿಚಿತವೆನಿಸದು. ಬಳಕೆ ತಪ್ಪಿ ಸಾವಿರ ವರ್ಷಗಳಾಗಿದ್ದ ಈ ಹೆಸರುಗಳನ್ನು ಟೋಲ್ಕೀನರು ಹೆಕ್ಕಿ ತೆಗೆದು, ಉಪಯೋಗದಿಂದ ಸವೆದ ನಾಣ್ಯಗಳಂತೆ ಸ್ವಲ್ಪ ಸವೆಸಿ, ಹಾಬಿಟ್ಟರ ಬಾಯಲ್ಲಿಟ್ಟರು. ಮೂರು ಕರೆವಿನ ತಿಂಗಳು ಅವರಲ್ಲಿ ಥ್ರಿಮಿಜ್ ಆಯಿತು. ಕಳೆಯ ತಿಂಗಳು ವೆಡ್‌ಮತ್ ಆಯಿತು. ಬಲಿಯ ತಿಂಗಳು ಬ್ಲಾಟ್‌ಮತ್ ಆಯಿತು.

ಈಗ ನಮ್ಮ ಮೊದಲಿನ ಕಿಡಿಗೇಡಿ ದಿನಕ್ಕೆ ಬರೋಣ. ಹಾಬಿಟ್ಟರಿಗೂ ನಮ್ಮಂತೆಯೇ ಏಳು ದಿನಗಳ ಸಪ್ತಾಹ. ಅದು ಶನಿವಾರ ಆರಂಭವಾಗಿ ಶುಕ್ರವಾರ ಮುಗಿಯುವುದು. ಶುಕ್ರವಾರವೇ ಅವರಿಗೆ ದೊಡ್ಡ ದಿನ. ಮಧ್ಯಾಹ್ನದ ಮೇಲೆ ರಜ, ಸಂಜೆ ಊಟೋಪಚಾರ. ತಾರೀಖುಗಳ ವಾರ ವರ್ಷವರ್ಷವೂ ಬದಲಾಗುವುದು ಅವರಿಗೂ ತೊಡಕಾಗಿತ್ತು. ಎರಡನೆಯ ಐಸೆಂಗ್ರಿಮ್ ಎಂಬ ನಾಯಕನ ಕಾಲದಲ್ಲಿ ಅವರು ನಡುವರ್ಷದ ದಿನವನ್ನೂ ಅಧಿಕದಿನವನ್ನೂ ವಾರಗಳ ಸಾಲಿನಿಂದ ಹೊರಗಿಟ್ಟರು. ವರ್ಷದ ಪೂರ್ವಾರ್ಧದಲ್ಲಿ ಒಂದು ಯೂಲ್ ದಿನ, ೧೮೦ ತಿಂಗಳ ದಿನಗಳು, ಒಂದು ಲೈದ್ ದಿನ, ಒಟ್ಟು ೧೮೨. ಅಂದರೆ ಸರಿಯಾಗಿ ೨೬ ಸಪ್ತಾಹಗಳು. ಉತ್ತರಾರ್ಧದಲ್ಲಿಯೂ ಹೀಗೆಯೇ ೧೮೨. ನಡುವೆ ನಿಂತ ದಿನ ಒಂದು ನಿಟ್ಟುಸಿರಿನಂತೆ. ಅದು ಭಾನುವಾರವೂ ಅಲ್ಲ, ಸೋಮವಾರವೂ ಅಲ್ಲ.

ಇದರ ಫಲವಾಗಿ ಅವರ ವರ್ಷ ಎಂದೆಂದಿಗೂ ಶನಿವಾರವೇ ಹುಟ್ಟಿ ಶುಕ್ರವಾರವೇ ಮುಗಿಯುವುದು. ಒಮ್ಮೆ ಗೋಡೆಗೆ ತೂಗುಹಾಕಿದ ಕ್ಯಾಲೆಂಡರು ಮೊಮ್ಮಕ್ಕಳ ಕಾಲಕ್ಕೂ ಸಲ್ಲುವುದು. ಕ್ಯಾಲೆಂಡರು ಅಚ್ಚುಮಾಡುವವರಿಗೆ ಆ ನಾಡಿನಲ್ಲಿ ಜೀವನೋಪಾಯವಿಲ್ಲ. ಕಥೆಯ ಆರಂಭದಲ್ಲಿ ಬರುವ ಪ್ರಸಿದ್ಧವಾದ ಹುಟ್ಟುಹಬ್ಬದ ಔತಣ ಸೆಪ್ಟೆಂಬರ್ ೨೨, ಗುರುವಾರ ನಡೆಯಿತೆಂದು ಗ್ರಂಥಕರ್ತರು ಹೇಳುವರು. ನಾವು ಅನುಬಂಧದ ಪಟ್ಟಿಯನ್ನು ತೆರೆದು ನೋಡಿದೆವು, ಗುರುವಾರವೇ ಹೌದು. ಆ ಒಂದು ವರ್ಷ ಮಾತ್ರವಲ್ಲ, ಎಲ್ಲ ವರ್ಷಗಳಲ್ಲಿಯೂ ಗುರುವಾರವೇ.

ಇನ್ನೊಂದು ತಮಾಷೆಯಿದೆ. ತಿಂಗಳ ಮೊದಲನೆಯ ದಿನಗಳು ಅವರಲ್ಲಿ ಅನುಕ್ರಮವಾಗಿ ಭಾನು, ಮಂಗಳ, ಗುರು, ಶನಿ, ಸೋಮ, ಬುಧವಾರಗಳಂದು ಬಿದ್ದು, ಏಳನೆಯ ತಿಂಗಳಿನಿಂದ ಅದೇ ಸರದಿ ಮತ್ತೆ ಆರಂಭವಾಗುವುದು. ಶುಕ್ರವಾರದಂದು ಯಾವ ತಿಂಗಳೂ ಆರಂಭವಾಗುವುದಿಲ್ಲ. ಆದುದರಿಂದ ಎಂದೂ ನಡೆಯಲಾರದ ಕೆಲಸಕ್ಕೆ ಹಾಬಿಟ್ಟರು 'ಶುಕ್ರವಾರ ಒಂದನೆಯ ತಾರೀಖು' ಎಂದು ಗಡುವು ಕೊಡುವರಂತೆ. ಸಾಲ ತೀರಿಸದವನು ಹೇಳುವ ನಮ್ಮ 'ನಾಳೆ'ಗೂ ಇದಕ್ಕೂ ಬಲು ದೂರವೇನಿಲ್ಲ. ಲೆಕ್ಕ ಸರಿಯಾಗಿದ್ದರೆ ಮಾತ್ರ ಹುಟ್ಟುವ ಹಾಸ್ಯವಿದು. ಪಟ್ಟಿಯನ್ನು ಮಾಡಿದವನು ಅದರೊಳಗೆ ಕೆಲಕಾಲ ಬಾಳಿ ನೋಡಿದ್ದಾನೆಂಬುದಕ್ಕೆ ಇದೇ ಸಾಕ್ಷಿ.

ನೆರೆಹೊರೆಯ ಜನಾಂಗಗಳು

ಆ ಲೋಕದಲ್ಲಿ ಹಾಬಿಟ್ಟರಲ್ಲದೆ ಬೇರೆ ಜನರೂ ಇದ್ದಾರೆ. ಮುಪ್ಪಿಲ್ಲದ ಎಲ್ಫ್ ಜನರಿಗೆ ನಮ್ಮ ವರ್ಷ ಬಹು ಚಿಕ್ಕದು. ಅವರ ದೊಡ್ಡ ಮಾನ ೧೪೪ ಸೌರವರ್ಷಗಳ ಒಂದು 'ಯೇನ್'. ಅವರು ಹತ್ತರ ಬದಲು ಹನ್ನೆರಡರಿಂದ ಎಣಿಸುವವರು. ಹನ್ನೆರಡು ಹನ್ನೆರಡಲೆ ೧೪೪. ಅವರ ದಿನ ಸೂರ್ಯಾಸ್ತದಿಂದ ಸೂರ್ಯಾಸ್ತಕ್ಕೆ. ಅವರ ವಾರಗಳು ಆರೇ: ನಕ್ಷತ್ರಗಳದು, ಸೂರ್ಯನದು, ಚಂದ್ರನದು, ಎರಡು ದಿವ್ಯವೃಕ್ಷಗಳದು, ಆಕಾಶದ್ದು, ದೇವತೆಗಳದು. ಅವರಿಂದ ಪಂಚಾಂಗವನ್ನು ಕಲಿತ ಮನುಷ್ಯರು ಅದನ್ನು ತಮ್ಮ ಬಾಳಿಗೆ ತಕ್ಕಂತೆ ತಿದ್ದಿಕೊಂಡರು. ನೂಮೆನಾರ್ ದ್ವೀಪದವರು ನಾವಿಕರು. ಪೂರ್ವಸಮುದ್ರದಿಂದ ಸೂರ್ಯನೇಳುವುದನ್ನು ನೋಡುತ್ತಿದ್ದ ಅವರು ನಮ್ಮ ಪಂಚಾಂಗದವರಂತೆ ದಿನವನ್ನು ಸೂರ್ಯೋದಯದಿಂದ ಎಣಿಸಿದರು. ಆರು ವಾರಗಳ ನಡುವೆ ಏಳನೆಯದಾಗಿ ಸಮುದ್ರದ ವಾರವೊಂದನ್ನು ಸೇರಿಸಿದರು. ತಮ್ಮಲ್ಲಿ ಒಂದೇ ದಿವ್ಯವೃಕ್ಷದ ಸಂತತಿಯಿದ್ದುದರಿಂದ ಎರಡು ವೃಕ್ಷಗಳ ವಾರವನ್ನು ಒಂದು ವೃಕ್ಷದ ವಾರವಾಗಿ ಮಾಡಿದರು. ಆ ದ್ವೀಪ ಸಮುದ್ರದ ಪಾಲಾದ ಮೇಲೆಯೂ ಅದರ ನೆನಪು ವಾರದ ಹೆಸರುಗಳಲ್ಲಿ ಉಳಿದು ಬಂದಿತು. ಕಡೆಗೆ ಅದೇ ಏಳು ಹೆಸರುಗಳು ಹಾಬಿಟ್ಟರ ಒಕ್ಕಲುಮನೆಗಳನ್ನು ಸೇರಿದುವು. ಅರ್ಥ ಮರೆತುಹೋಗಿತ್ತು, ಹೆಸರು ಮಾತ್ರ ನಾಲಗೆಯ ಮೇಲಿತ್ತು.

ಎಲ್ಲಕ್ಕಿಂತ ಮನಮಿಡಿಯುವಂತಹದು ಕುಬ್ಜರ ವಿಷಯ. ಅವರದು ಚಂದ್ರನನ್ನು ಅನುಸರಿಸಿದ ಗಣನೆ. ಚಳಿಗಾಲದ ಹೊಸ್ತಿಲಲ್ಲಿ, ಶರತ್ಕಾಲದ ಕೊನೆಯ ಚಾಂದ್ರಮಾಸದ ಮೊದಲನೆಯ ದಿನವೇ ಅವರ ಯುಗಾದಿ. ಅಂದು ಸೂರ್ಯಚಂದ್ರರಿಬ್ಬರೂ ಆಕಾಶದಲ್ಲಿ ಒಟ್ಟಿಗೆ ಕಂಡರೆ ಅದು ಅವರ ಮೂಲಪುರುಷನಾದ ಡ್ಯೂರಿನನ ಹೆಸರಿನ ಪುಣ್ಯದಿನ. 'ದಿ ಹಾಬಿಟ್' ಕಥೆಯಲ್ಲಿ ಅವರು ಕಳೆದುಕೊಂಡ ಬೆಟ್ಟದರಮನೆಯ ಗುಪ್ತದ್ವಾರದ ಬೀಗದ ಕಂಡಿ ಆ ದಿನದ ಕೊನೆಯ ಬಿಸಿಲುಕೋಲು ಬಿದ್ದಾಗ ಮಾತ್ರ ಕಾಣಿಸುವುದು. ಆದರೆ ಆ ದಿನ ಎಂದು ಬರುವುದು? ಅವರ ಒಡೆಯನಾದ ಥೋರಿನನು, ಅದನ್ನು ಮುಂದಾಗಿ ಗುಣಿಸಿ ಹೇಳುವ ವಿದ್ಯೆ ಈಗ ತಮ್ಮಲ್ಲಿ ಉಳಿದಿಲ್ಲವೆಂದು ಒಪ್ಪಿಕೊಳ್ಳುವನು. ಮನೆ ಕಳೆದುಕೊಂಡು ಊರೂರು ಅಲೆದ ಜನ ತಮ್ಮ ಹೊಸ ವರ್ಷದ ಹಬ್ಬ ಎಂದೆಂಬುದನ್ನೂ ಕಳೆದುಕೊಂಡಿದ್ದಾರೆ. ಮಕ್ಕಳ ಕಥೆಯ ಒಂದು ಮಾತಿನಲ್ಲಿ ಇಷ್ಟು ದುಃಖವನ್ನು ಅಡಗಿಸಿರುವುದನ್ನು ನೋಡಿ ನಾವು ಪುಸ್ತಕವನ್ನು ಮುಚ್ಚಿ ಸ್ವಲ್ಪ ಹೊತ್ತು ಸುಮ್ಮನೆ ಕುಳಿತೆವು.

ತಾರೀಖಿನ ಸತ್ಯ

ಕಲ್ಪನೆಯ ಕಥೆಗೆ ಇಷ್ಟೆಲ್ಲ ಲೆಕ್ಕವೇಕೆಂದು ಕೇಳುವವರಿರಬಹುದು. ೧೯೪೪ರಲ್ಲಿ, ಮಹಾಯುದ್ಧದ ನಡುವೆ, ಟೋಲ್ಕೀನರು ವಿಮಾನದಳಕ್ಕೆ ಸೇರಿ ದಕ್ಷಿಣ ಆಫ್ರಿಕದಲ್ಲಿದ್ದ ತಮ್ಮ ಮಗ ಕ್ರಿಸ್ಟೊಫರನಿಗೆ ಕಥೆಯ ಅಧ್ಯಾಯಗಳನ್ನು ಬರೆದ ಹಾಗೆಲ್ಲ ಕಳುಹಿಸುತ್ತಿದ್ದರು. ಆಗೊಂದು ಕಾಗದದಲ್ಲಿ ಅವರು ತಮ್ಮ ಚಂದ್ರನ ಫಜೀತಿಯನ್ನು ತೋಡಿಕೊಂಡಿದ್ದಾರೆ. ಕಥೆಯ ಒಂದು ಭಾಗದಲ್ಲಿ ಚಂದ್ರ ಉದಯಿಸುತ್ತಿದ್ದರೆ, ಅದೇ ಹೊತ್ತಿಗೆ ಇನ್ನೊಂದು ಭಾಗದಲ್ಲಿ ಮುಳುಗುತ್ತಿದ್ದನಂತೆ. ಆ ತಪ್ಪನ್ನು ಸರಿಪಡಿಸಲು ಅವರು ಹಿಂದಿನ ಅಧ್ಯಾಯಗಳಿಗೆ ಮರಳಿ ಅಲ್ಲಲ್ಲಿ ತಿದ್ದಿ ಬರೆದರು. ಕಥೆಯ ಚಂದ್ರಕಲೆಗಳಿಗೆ ೧೯೪೨ರ ಸುಮಾರಿನಲ್ಲಿ ಆಕಾಶದಲ್ಲಿ ನಿಜವಾಗಿ ಕಂಡ ಚಂದ್ರನನ್ನೇ ಆಧಾರವಾಗಿಟ್ಟುಕೊಂಡಿದ್ದರು. ಬೇರೆಬೇರೆ ದಾರಿಗಳಲ್ಲಿ ಅಗಲಿಹೋದ ಗೆಳೆಯರು ತಲೆಯೆತ್ತಿ ನೋಡಿದಾಗ ಅವರಿಗೆ ಕಾಣುವುದು ಒಂದೇ ಚಂದ್ರನಾಗಿರಬೇಕಷ್ಟೆ. ದೂರದಲ್ಲಿ ಮಗನನ್ನಿಟ್ಟುಕೊಂಡ ತಂದೆಗೆ ಇದು ಬರಿಯ ಲೆಕ್ಕದ ವಿಷಯವಾಗಿರಲಾರದು.

ಕಥೆಯ ತುದಿಯಲ್ಲಿ ಉಂಗುರ ಬೆಂಕಿಗೆ ಬಿದ್ದು ಸೌರಾನನು ನಾಶವಾಗುವುದು ಮಾರ್ಚ್ ೨೫ರಂದು. ಸೋತು ಮೂರ್ಛೆಹೋಗಿದ್ದ ಸ್ಯಾಮನು ಎಚ್ಚತ್ತು, ಇದು ಯಾವ ದಿನವೆಂದು ಕೇಳುವನು. ಅವನಿಗೆ ದೊರೆತ ಉತ್ತರ: ಹೊಸ ವರ್ಷದ ಹದಿನಾಲ್ಕನೆಯ ದಿನ, ನಿಮ್ಮ ಶೈರ್ ಲೆಕ್ಕದಲ್ಲಿ ಏಪ್ರಿಲ್ ಎಂಟು. ಗಾಂಡೋರ್ ರಾಜ್ಯದಲ್ಲಿ ಇನ್ನು ಮುಂದೆ ವರ್ಷ ಮಾರ್ಚ್ ೨೫ರಂದೇ ಆರಂಭವಾಗತಕ್ಕದ್ದು. ನಮ್ಮ ಕ್ಯಾಲೆಂಡರಿನಲ್ಲಿ ಮಾರ್ಚಿ ೨೫ರಿಂದ ಎಣಿಸಿದರೆ ಏಪ್ರಿಲ್ ಎಂಟು ಹದಿನೈದನೆಯ ದಿನವಾಗುತ್ತದೆ, ಹದಿನಾಲ್ಕನೆಯದಲ್ಲ. ಮುದ್ರಣದೋಷವೋ ಎಂದುಕೊಂಡೆವು. ಅಲ್ಲ. ಶೈರಿನ ಮಾರ್ಚಿ ತಿಂಗಳಿಗೆ ೩೦ ದಿನಗಳೇ. ಇಪ್ಪತ್ತೈದರಿಂದ ಮೂವತ್ತರವರೆಗೆ ಆರು, ಏಪ್ರಿಲಿನ ಎಂಟು, ಒಟ್ಟು ಹದಿನಾಲ್ಕು. ಇಂಗ್ಲೆಂಡಿನಲ್ಲಿಯೂ ೧೭೫೨ಕ್ಕೆ ಮುಂಚೆ ಸರಕಾರದ ವರ್ಷ ಮಾರ್ಚ್ ೨೫ರಂದೇ ಆರಂಭವಾಗುತ್ತಿತ್ತೆಂಬುದನ್ನು ಇಲ್ಲಿ ನೆನೆಯಬಹುದು.

ಊರಿಗೆ ಮರಳಿದ ಫ್ರೋಡೋವಿಗೆ ಮಾತ್ರ ಈ ಪಂಚಾಂಗ ಕಠಿನವಾಯಿತು. ಅಕ್ಟೋಬರ್ ೬ರಂದು ದಾರಿಯಲ್ಲಿ ಶತ್ರುವಿನ ಕತ್ತಿಯಿಂದ ಆತನಿಗೆ ಗಾಯವಾಗಿತ್ತು. ಗಾಯ ಮಾದರೂ ವರ್ಷವರ್ಷವೂ ಆ ತಾರೀಖು ಬಂದಾಗ ಆತ ನೋವಿನಿಂದ ಮಲಗುವನು. ತಾರೀಖುಗಳು ಅಲುಗದ ನಾಡಿನಲ್ಲಿ ಅದು ಯಾವಾಗಲೂ ಗುರುವಾರವೇ. ಸ್ಯಾಮನಿಗಾದರೋ ೧೪೨೦ನೆಯ ಶೈರ್ ವರ್ಷ ಸುಗ್ಗಿಯ ವರ್ಷವಾಗಿ, ಮದುವೆಯ ವರ್ಷವಾಗಿ, ಓವರ್‌ಲೈದ್ ಬಂದ ವರ್ಷವಾಗಿ ನೆನಪಿನಲ್ಲಿ ನಿಂತಿತು. ಪಂಚಾಂಗ ಒಂದೇ, ಒಬ್ಬನಿಗೆ ಅದು ಹಬ್ಬವನ್ನು ತಂದರೆ ಇನ್ನೊಬ್ಬನಿಗೆ ತಿಥಿಯನ್ನು ತರುವುದು. ಗೋಡೆಯ ಕ್ಯಾಲೆಂಡರಿನಲ್ಲಿ ಯಾರಿಗೂ ಹೇಳದೆ ಒಂದು ದಿನವನ್ನು ಗುರುತುಮಾಡಿಟ್ಟುಕೊಂಡವರಿಗೆ ಇದು ತಿಳಿದೇ ಇರುವುದು.

ನಿಜವಾದ ಲೋಕದಲ್ಲಿ

ಹಾಬಿಟ್ಟರ ಉಪಾಯ ನಿಜವಾದ ಲೋಕದವರಿಗೂ ಹೊಳೆದಿತ್ತು. ಮಾರ್ಕೊ ಮಾಸ್ಟ್ರೋಫಿನಿ ಎಂಬ ಇಟಲಿಯ ಪಾದ್ರಿಯು ೧೮೩೪ರಷ್ಟು ಹಿಂದೆಯೇ ವಾರವಿಲ್ಲದ ದಿನವನ್ನು ಸೂಚಿಸಿದ್ದನು. ೧೯೩೦ರಲ್ಲಿ ಎಲಿಜಬೆತ್ ಅಚೆಲಿಸ್ ಎಂಬ ಅಮೆರಿಕದ ಮಹಿಳೆಯು 'ವರ್ಲ್ಡ್ ಕ್ಯಾಲೆಂಡರ್' ಎಂಬ ಹೊಸ ವಿಶ್ವಪಂಚಾಂಗದ ಪ್ರಚಾರಕ್ಕಾಗಿ ಒಂದು ಸಂಘವನ್ನು ಸ್ಥಾಪಿಸಿದರು. ಅದರಲ್ಲಿ ಮೂರು ತಿಂಗಳುಗಳ ನಾಲ್ಕು ಪಾದಗಳು. ಪಾದಕ್ಕೆ ೯೧ ದಿನ, ಅಂದರೆ ೧೩ ಸಪ್ತಾಹ. ಪ್ರತಿಯೊಂದು ವರ್ಷವೂ ಭಾನುವಾರ ಆರಂಭ. ಡಿಸೆಂಬರ್ ೩೦ರ ಮಾರನೆಯ ದಿನ, ಯಾವ ವಾರಕ್ಕೂ ಸೇರದ ವಿಶ್ವದಿನ. ಅಧಿಕದಿನವೂ ಅದೇ ರೀತಿ ಜೂನ್ ೩೦ರ ಅನಂತರ.

ಇದನ್ನು ವಿಶ್ವಸಂಸ್ಥೆಯ ಮುಂದಿಟ್ಟ ರಾಷ್ಟ್ರ ಯಾವುದೆಂದು ಕೇಳಿದರೆ ನಮ್ಮ ವಾಚಕರು ಆಶ್ಚರ್ಯಪಟ್ಟಾರು: ಭಾರತವೇ. ನಮ್ಮ ದೇಶದಲ್ಲಿ ಆಗ ಬಳಕೆಯಲ್ಲಿದ್ದ ಸುಮಾರು ೩೦ ಬಗೆಯ ಪಂಚಾಂಗಗಳನ್ನು ಪರಿಶೀಲಿಸಲು ೧೯೫೨ರಲ್ಲಿ ಒಂದು ಸಮಿತಿ ನೇಮಕವಾಗಿತ್ತು. ಅದರ ಅಧ್ಯಕ್ಷರು ಪ್ರಖ್ಯಾತ ವಿಜ್ಞಾನಿಗಳಾದ ಮೇಘನಾದ ಸಾಹಾ ಅವರು. ಭಾರತ ಸರಕಾರವು ೧೯೫೩ರಲ್ಲಿ ವಿಶ್ವಪಂಚಾಂಗದ ಸೂಚನೆಯನ್ನು ವಿಶ್ವಸಂಸ್ಥೆಗೆ ಕಳುಹಿಸಿತು. ೧೯೫೪ರಲ್ಲಿ ಸಾಹಾ ಅವರು ಜಿನೀವಾ ನಗರಕ್ಕೆ ಹೋಗಿ ಅದರ ಪರವಾಗಿ ವಾದಿಸಿದರು. ಟೋಲ್ಕೀನರ ಗ್ರಂಥದ ಮೊದಲನೆಯ ಸಂಪುಟ ಹೊರಬಂದುದೂ ಅದೇ ವರ್ಷ. ಕಥೆಗಾರರೊಬ್ಬರು, ವಿಜ್ಞಾನಿಯೊಬ್ಬರು, ಒಬ್ಬರನ್ನೊಬ್ಬರು ಅರಿಯದೆ, ಒಂದೇ ಕಾಲದಲ್ಲಿ ಒಂದೇ ಉಪಾಯವನ್ನು ಲೋಕದ ಮುಂದಿಟ್ಟಿದ್ದರು.

ಲೆಕ್ಕದಲ್ಲಿ ಯಾವ ತಪ್ಪೂ ಇರಲಿಲ್ಲ. ಅಡ್ಡಿ ಬಂದುದು ಬೇರೆ ಕಡೆಯಿಂದ. ೧೫೮೨ರಲ್ಲಿ ಪೋಪ್ ಗ್ರೆಗರಿಯು ಪಂಚಾಂಗದಿಂದ ಹತ್ತು ದಿನಗಳನ್ನು ತೆಗೆದುಹಾಕಿದಾಗ ಅಕ್ಟೋಬರ್ ೪ ಗುರುವಾರದ ಮಾರನೆಯ ದಿನ ಅಕ್ಟೋಬರ್ ೧೫ ಶುಕ್ರವಾರವಾಯಿತು. ೧೭೫೨ರಲ್ಲಿ ಇಂಗ್ಲೆಂಡಿನವರು ಹನ್ನೊಂದು ದಿನಗಳನ್ನು ಬಿಟ್ಟಾಗ ಸೆಪ್ಟೆಂಬರ್ ೨ ಬುಧವಾರದ ಮಾರನೆಯ ದಿನ ಸೆಪ್ಟೆಂಬರ್ ೧೪ ಗುರುವಾರವಾಯಿತು. ತಾರೀಖುಗಳನ್ನು ಹರಿದರು, ವಾರಗಳ ಸರಪಣಿಗೆ ಮಾತ್ರ ಕೈಹಚ್ಚಲಿಲ್ಲ. ವಿಶ್ವದಿನವಾದರೋ ಆ ಸರಪಣಿಯನ್ನೇ ಪ್ರತಿ ವರ್ಷ ತುಂಡರಿಸುವುದು. ಏಳು ದಿನಗಳಿಗೊಮ್ಮೆ ಕೆಲಸವನ್ನು ನಿಲ್ಲಿಸಿ ವಿಶ್ರಾಂತಿಯಿಂದ ದೇವರನ್ನು ನೆನೆಯುವುದು ಯೆಹೂದ್ಯರ ಧರ್ಮ. ಆ ಎಣಿಕೆಯನ್ನು ಅವರು ತಪ್ಪದೆ ಅನುಸರಿಸಿದರೆ, ಒಂದು ವಿಶ್ವದಿನ ಕಳೆದ ಮೇಲೆ ಅವರ ಶನಿವಾರ ಹೊಸ ಲೆಕ್ಕದ ಶುಕ್ರವಾರಕ್ಕೆ ಬೀಳುವುದು, ಮರುವರ್ಷ ಗುರುವಾರಕ್ಕೆ. ಊರೆಲ್ಲ ದುಡಿಯುವ ದಿನ ಅವರಿಗೆ ಪೂಜೆಯ ದಿನ. ಕೂಲಿಯವನು ಕೂಲಿಯನ್ನು ಬಿಡಬೇಕೋ ದೇವರನ್ನು ಬಿಡಬೇಕೋ? ಭಾನುವಾರದ ಕ್ರೈಸ್ತರಿಗೂ ಶುಕ್ರವಾರದ ಮುಸಲ್ಮಾನರಿಗೂ ಇದೇ ಸಂಕಟ. ಶನಿವಾರ ಒಪ್ಪೊತ್ತು ಮಾಡುವ ನಮ್ಮ ಮನೆಗಳ ಹಿರಿಯರಿಗೂ, ಯಾವ ಶನಿವಾರವೆಂಬ ಸಂದೇಹ ತಪ್ಪುತ್ತಿರಲಿಲ್ಲ. ಧಾರ್ಮಿಕ ಕಾರಣಗಳಿಂದ ತನ್ನ ಪ್ರಜೆಗಳಲ್ಲಿ ಬಹುಮಂದಿ ವಿರೋಧಿಸುವರೆಂದು ಅಮೆರಿಕ ೧೯೫೫ರಲ್ಲಿ ಹಿಂದೆಗೆಯಿತು. ೧೯೫೬ರಲ್ಲಿ ವಿಶ್ವಸಂಸ್ಥೆ ವಿಚಾರವನ್ನು ಅನಿರ್ದಿಷ್ಟಕಾಲಕ್ಕೆ ಮುಂದೆ ಹಾಕಿತು. ಅದೇ ವರ್ಷದ ಫೆಬ್ರವರಿ ತಿಂಗಳಲ್ಲಿ ಸಾಹಾ ಅವರು ತೀರಿಕೊಂಡಿದ್ದರು. ಅವರ ಸಮಿತಿಯು ದೇಶಕ್ಕಾಗಿ ರೂಪಿಸಿದ ರಾಷ್ಟ್ರೀಯ ಪಂಚಾಂಗ ೧೯೫೭ನೆಯ ಮಾರ್ಚ್ ೨೨ರಂದು, ಶಕ ೧೮೭೯ರ ಚೈತ್ರ ಒಂದನೆಯ ದಿನ, ಬಳಕೆಗೆ ಬಂದಿತು. ಅದು ವಾರಗಳನ್ನು ಮುಟ್ಟಲಿಲ್ಲ.

ಹಾಗಾದರೆ ಹಾಬಿಟ್ಟರಿಗೆ ಅದು ಹೇಗೆ ಸಾಧ್ಯವಾಯಿತು? ಉತ್ತರ ಅನುಬಂಧದಲ್ಲಿಯೇ ಇದೆ. ಈ ಏರ್ಪಾಡು ಮನೆಯಲ್ಲಿರುವಾಗ ಅವರಿಗೆ ಅನುಕೂಲವಾಗಿತ್ತು, ಆದರೆ ಪಕ್ಕದ ಬ್ರೀ ಎಂಬ ಊರನ್ನು ದಾಟಿ ಹೋದರೆ ಅಷ್ಟು ಅನುಕೂಲವಾಗಿರಲಿಲ್ಲವೆಂದು ಗ್ರಂಥಕರ್ತರು ನಸುನಗುತ್ತ ಹೇಳುವರು. ಒಂದೇ ಬಗೆಯ ಜನ, ಒಂದೇ ಬಗೆಯ ಹಬ್ಬ, ಬಾಗಿಲಾಚೆಯ ಲೋಕದ ಗೊಡವೆ ಬೇಡವೆಂದವರು. ಅಂಥವರು ಒಂದು ದಿನದ ಹೆಸರನ್ನು ಅಳಿಸಿದರೆ ಯಾರ ವ್ರತವೂ ಕೆಡುವುದಿಲ್ಲ. ನಮ್ಮದು ಬ್ರೀಯ ಆಚೆಗಿನ ಲೋಕ. ಇಲ್ಲಿ ಒಬ್ಬನಿಗೆ ಉಳಿದುಕೊಂಡ ದಿನವಾಗಿ ಕಾಣುವುದು ಇನ್ನೊಬ್ಬನಿಗೆ ದೇವರ ದಿನವಾಗಿರುವುದುಂಟು.

ಆದುದರಿಂದ ಬರುವ ವರ್ಷವೂ ತಾರೀಖುಗಳು ಒಂದು ವಾರ ಮುಂದಕ್ಕೆ ಸರಿಯುವುವು. ಮಕ್ಕಳು ತಮ್ಮ ಹುಟ್ಟಿದ ದಿನವನ್ನು ಮತ್ತೆ ಹುಡುಕುವರು. ಈ ಚಿಕ್ಕ ತೊಂದರೆಯನ್ನು ನೆರೆಮನೆಯವರ ಸಲುವಾಗಿ ನಾವು ಸಹಿಸುವುದು, ನಮ್ಮ ಸಲುವಾಗಿ ಅವರು ಸಹಿಸುವುದು. ಅದು ಶುಕ್ರವಾರ ಒಂದನೆಯ ತಾರೀಖಿನವರೆಗೆ ನಡೆಯಲಿ ಎಂದರೆ ಹಾಬಿಟ್ಟರಿಗೂ ಅರ್ಥವಾದೀತು.